ಜೈಲು ವಾರ್ಡರ್ ಆಗಬೇಕೋ, ಪೊಲೀಸ್ ಕಾನ್‌ಸ್ಟೆಬಲ್ ಆಗಬೇಕೋ?

ತಮ್ಮಾ, ಎರಡೂ ಖಾಕಿ, ಎರಡೂ ಸರಕಾರಿ ನೌಕರಿ. ದಣಿಸುವ ರೀತಿ ಮಾತ್ರ ಬೇರೆ.

ಕಾನ್‌ಸ್ಟೆಬಲ್‌ಗೆ ಹೊತ್ತುಗೊತ್ತಿಲ್ಲ. ಬೆಳಗಾವಿಯಲ್ಲಿ ರಾಜ್ಯೋತ್ಸವ, ಗಣೇಶ ವಿಸರ್ಜನೆ, ಸುವರ್ಣ ವಿಧಾನಸೌಧದ ಚಳಿಗಾಲದ ಅಧಿವೇಶನ ಬಂತೆಂದರೆ ರಜೆಯ ಮಾತೇ ಎತ್ತುವಂತಿಲ್ಲ. ವಾರ್ಡರ್‌ಗೆ ಪಾಳಿ ಉಂಟು.

ಆದರೆ ಜೈಲಿನ ಒತ್ತಡ ಹೊರಗಿನವರಿಗೆ ಕಾಣದು. ಹಿಂಡಲಗಾದಂಥ ಕೇಂದ್ರ ಕಾರಾಗೃಹದಲ್ಲಿ ಸಂಜೆ ಬ್ಯಾರಕ್‌ಗೆ ಬೀಗ ಹಾಕುವಾಗ ತಲೆ ಎಣಿಸಬೇಕು. ಒಂದು ತಪ್ಪಿದರೂ ಮತ್ತೆ ಮೊದಲಿನಿಂದ. ದಿನಾ ಅವೇ ಮುಖಗಳು. ಇವತ್ತು ಬೀಡಿ ಕೇಳಿದವ ನಾಳೆ ಮೊಬೈಲ್ ಕೇಳುತ್ತಾನೆ, ನಾಡಿದ್ದು ‘ನಿಮ್ಮ ಮನಿ ಎಲ್ಲೈತಿ ಗೊತ್ತೈತಿ’ ಅನ್ನುತ್ತಾನೆ. ಕೈದಿಯೊಬ್ಬ ಜೀವ ಕಳೆದುಕೊಂಡರೆ ಆ ರಾತ್ರಿ ಕಾವಲಿದ್ದವನೇ ಮೊದಲು ಉತ್ತರ ಕೊಡಬೇಕು. ಇದನ್ನೆಲ್ಲ ಮನೆಯಲ್ಲೂ ಹೇಳಿಕೊಳ್ಳದೆ ನುಂಗುತ್ತಾರಲ್ಲ, ನನಗೆ ಸಂಕಟವಾಗುವುದು ಅದಕ್ಕೇ.

ವರ್ಗಾವಣೆಯನ್ನೂ ನೋಡು. ಬಾಗಲಕೋಟೆ ಜಿಲ್ಲೆಗೆ ಕಾನ್‌ಸ್ಟೆಬಲ್ ಆಗಿ ಸೇರಿದರೆ ಸಾಮಾನ್ಯವಾಗಿ ಅಲ್ಲೇ ಓಡಾಟ. ಜೈಲುಗಳು ಕಡಿಮೆ, ವಿಜಯಪುರದ ದರ್ಗಾ ಜೈಲಿನಿಂದ ಬಳ್ಳಾರಿಗೋ ಪರಪ್ಪನ ಅಗ್ರಹಾರಕ್ಕೋ ಹೋಗಬೇಕಾದೀತು.

ವಯಸ್ಸಾದ ಅಪ್ಪ-ಅವ್ವ ನಿನ್ನನ್ನೇ ನೆಚ್ಚಿದ್ದರೆ ಕಾನ್‌ಸ್ಟೆಬಲ್ ಹುದ್ದೆಯೇ ಅನುಕೂಲ. ಪಾಳಿಯ ನಡುವೆ ಓದಿ ಮುಂದಿನ ಪರೀಕ್ಷೆ ಬರೆಯುವ ಹಟ, ‘ಆಗೋದಿಲ್ಲ’ ಎಂದು ಮುಖಕ್ಕೇ ಹೇಳುವ ಗಟ್ಟಿತನ ಎರಡೂ ಇದ್ದರೆ ವಾರ್ಡರ್‌ಗೆ ಅರ್ಜಿ ಹಾಕು.