ಕ್ಯೋಟೊ ನೋಡಲು ಯಾರ ಜೊತೆ ಹೋಗಬೇಕು? ಮೂರು ಬಗೆಯ ಗೈಡ್‌ಗಳ ಜೊತೆ ಸುತ್ತಿದ ಮೇಲೆ

ಕ್ಯೋಟೊದಲ್ಲಿ ಏನೇನು ನೋಡಬೇಕು ಎಂದು ಹೇಳುವವರು ಬೇಕಾದಷ್ಟು ಜನ ಸಿಗುತ್ತಾರೆ. ಯಾರ ಜೊತೆ ನೋಡಬೇಕು ಎಂದು ಕೇಳಿದರೆ ಉತ್ತರ ಸಿಗುವುದು ಕಷ್ಟ. 794ರಿಂದ ಸಾವಿರ ವರ್ಷಕ್ಕೂ ಹೆಚ್ಚು ಕಾಲ ಜಪಾನಿನ ರಾಜಧಾನಿಯಾಗಿದ್ದ ಊರು ಅದು. ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ತಾಣಗಳು ಪಕ್ಕದ ಉಜಿ, ಓತ್ಸುಗಳನ್ನೂ ಸೇರಿಸಿ 17 ಇವೆ. ಆದರೆ ಹೊಸಬರ ಕಣ್ಣಿಗೆ ಅಲ್ಲಿನ ಎಷ್ಟೋ ದೇಗುಲಗಳು ಒಂದೇ ಥರ ಕಾಣುತ್ತವೆ. ಅದೇ ಕಪ್ಪು ಮರ, ಅದೇ ಬೂದು ಹೆಂಚು, ಅದೇ ಜಲ್ಲಿ ಹಾಸಿದ ಅಂಗಳ. ತಿಳಿಸಿ ಹೇಳುವವರಿಲ್ಲದಿದ್ದರೆ ಎರಡನೆಯ ದಿನಕ್ಕೇ ಮನಸ್ಸು ದಣಿಯುತ್ತದೆ.

ಕಳೆದ ನವೆಂಬರಿನಲ್ಲಿ ಅಮ್ಮನನ್ನು ಕರೆದುಕೊಂಡು ಹೋಗಿದ್ದೆ. ಅಮ್ಮ ಮಂಗಳೂರಿನವಳು. ವಯಸ್ಸು ಅರವತ್ತೇಳು, ಮಂಡಿನೋವಿದೆ, ಮೀನು ಮಾಂಸ ಮುಟ್ಟುವುದಿಲ್ಲ. ನಮ್ಮ ಕೈಯಲ್ಲಿದ್ದದ್ದು ಐದು ದಿನ. ಒಂದು ದಿನ ಬಸ್ ಪ್ರವಾಸ, ಒಂದು ದಿನ ಕಾಲೇಜು ವಿದ್ಯಾರ್ಥಿಗಳ ಉಚಿತ ಮಾರ್ಗದರ್ಶನ, ಒಂದು ಸಂಜೆ ಪರವಾನಗಿ ಪಡೆದ ಗೈಡ್ ಜೊತೆ ಗೇಶಾ ಕಲಾವಿದೆಯರ ಹಳೆಯ ಕೇರಿ ಗಿಯೋನ್‌ನ ಬೀದಿಗಳ ನಡಿಗೆ. ನಡುವೆ ಅರ್ಧ ದಿನ ಮೊಬೈಲಿನ ಧ್ವನಿ ವಿವರಣೆಯನ್ನೂ ನೆಚ್ಚಿಕೊಂಡೆವು.

ಮೊದಲು ಬಸ್ಸು. ತಲೆಗೆ 12,000 ಯೆನ್, ಎಂದರೆ ಏಳು ಸಾವಿರ ರೂಪಾಯಿಯ ಹತ್ತಿರ; ಪ್ರವೇಶ ಶುಲ್ಕ, ಊಟ ಎಲ್ಲವೂ ಅದರಲ್ಲೇ. ಬೆಳಿಗ್ಗೆ ರೈಲು ನಿಲ್ದಾಣದ ಬಳಿ ಹತ್ತಿಸಿಕೊಂಡು ನಿಜೋ ಕೋಟೆ, ಕಿಂಕಾಕುಜಿ, ಕಿಯೋಮಿಜು ದೇಗುಲ ತೋರಿಸಿ ಸಂಜೆ ಅಲ್ಲಿಗೇ ತಂದು ಬಿಟ್ಟರು. ಎಲೆಗಳು ಕೆಂಪಾಗುವ ನವೆಂಬರಿನಲ್ಲಿ ನಗರದ ಬಸ್ಸುಗಳಲ್ಲಿ ಕಾಲಿಡಲು ಜಾಗವಿರುವುದಿಲ್ಲ. ಅಮ್ಮನಂಥವರಿಗೆ ಕೂರಲು ಸೀಟು ಸಿಗುವುದೇ ದೊಡ್ಡ ಅನುಕೂಲ. ಗೈಡ್ ಹೇಳಿದ ವಿಷಯವೆಲ್ಲ ಖಚಿತವಾಗಿತ್ತು. ನಿಜೋ ಕೋಟೆಯನ್ನು 1603ರಲ್ಲಿ ತೊಕುಗಾವಾ ಇಯೆಯಾಸು ಕಟ್ಟಿಸಿದ್ದು, 1867ರಲ್ಲಿ ಅದೇ ವಂಶದ ಕೊನೆಯ ಶೋಗನ್ (ಚಕ್ರವರ್ತಿಯ ಹೆಸರಿನಲ್ಲಿ ದೇಶ ಆಳುತ್ತಿದ್ದ ಸೇನಾಧಿಪತಿ) ಯೋಶಿನೊಬು ಅಧಿಕಾರವನ್ನು ಚಕ್ರವರ್ತಿಗೆ ಒಪ್ಪಿಸುವುದಾಗಿ ಸಾರಿದ್ದು ಅಲ್ಲೇ. ಒಂದು ವಂಶದ ಆಳ್ವಿಕೆಯ ಮೊದಲೂ ಕೊನೆಯೂ ಒಂದೇ ಅರಮನೆಯಲ್ಲಿ ಸಿಗುತ್ತದೆ.

ಆ ಅರಮನೆಯ ಪಡಸಾಲೆಗಳಲ್ಲಿ ನಡೆದರೆ ನೆಲದ ಹಲಗೆಗಳು ಹಕ್ಕಿಯಂತೆ ಚಿಲಿಪಿಲಿ ಸದ್ದು ಮಾಡುತ್ತವೆ. ಹಲಗೆಯ ಕೆಳಗಿನ ಕಬ್ಬಿಣದ ಪಟ್ಟಿ ಮೊಳೆಗೆ ಉಜ್ಜಿ ಬರುವ ಸದ್ದು ಅದು. ಅಮ್ಮ ಅದನ್ನು ಕೇಳಲು ಒಂದು ಕಡೆ ನಿಂತಳು. ಅಷ್ಟರಲ್ಲಿ ಗೈಡ್ ಧ್ವಜ ಎರಡು ಕೋಣೆ ಮುಂದೆ ಹೋಗಿತ್ತು. ಕಿವಿಗೆ ಹಾಕಿಕೊಂಡ ಯಂತ್ರದಲ್ಲಿ ಮುಂದಿನ ಕೋಣೆಯ ಮಾತು, ಕಣ್ಣೆದುರು ಹಿಂದಿನ ಕೋಣೆಯ ಚಿತ್ರ. ಇಡೀ ದಿನ ಹೀಗೇ ನಡೆಯಿತು. ಕಿಂಕಾಕುಜಿಗೆ ಕೊಟ್ಟದ್ದು ನಲವತ್ತು ನಿಮಿಷ. ಈಗಿರುವ ಚಿನ್ನದ ಮಂಟಪ 1955ರಲ್ಲಿ ಮತ್ತೆ ಕಟ್ಟಿದ್ದು. ಹಳೆಯದಕ್ಕೆ 1950ರಲ್ಲಿ ಅಲ್ಲಿನ ಯುವ ಸನ್ಯಾಸಿಯೊಬ್ಬ ಬೆಂಕಿ ಇಟ್ಟಿದ್ದ. ಇದನ್ನು ಬಸ್ಸಿನಲ್ಲೇ ಹೇಳಿ ಮುಗಿಸಿದರು. ಏಕೆ ಇಟ್ಟ, ಆಮೇಲೆ ಏನಾಯಿತು ಎಂದು ಕೇಳಲು ಸಮಯವೂ ಇರಲಿಲ್ಲ, ಸುತ್ತ ಮೂವತ್ತೆಂಟು ಜನ.

ಊಟದ ವಿಷಯದಲ್ಲಿ ಮಾತ್ರ ನನಗೆ ಇನ್ನೂ ಬೇಸರವಿದೆ. ಕಾಯ್ದಿರಿಸುವಾಗಲೇ ಸಸ್ಯಾಹಾರ ಎಂದು ಬರೆದಿದ್ದೆ. ತಟ್ಟೆಯಲ್ಲಿ ಮೀನಿನ ತುಂಡು ಇರಲಿಲ್ಲ ನಿಜ, ಆದರೆ ಸಾರೂ ಬೇಯಿಸಿದ ತರಕಾರಿಯೂ ದಾಶಿಯಲ್ಲಿ ಮಾಡಿದ್ದು. ದಾಶಿ ಎಂದರೆ ಸಾಮಾನ್ಯವಾಗಿ ಒಣಗಿಸಿದ ಬೊನಿಟೊ ಮೀನಿನ ಹೆರಕಲಿನಿಂದ ತೆಗೆದ ಕಟ್ಟು. ಅಮ್ಮ ಅನ್ನ, ಉಪ್ಪಿನಕಾಯಿ ತಿಂದು ಎದ್ದಳು.

ಎರಡನೆಯ ದಿನ ವಿದ್ಯಾರ್ಥಿಗಳು. ಸ್ವಯಂಸೇವಾ ಗೈಡ್‌ಗಳ ಸಂಘಗಳು ಜಪಾನಿನ ಹಲವು ಊರುಗಳಲ್ಲಿವೆ. ಮಾರ್ಗದರ್ಶನಕ್ಕೆ ಅವರು ಹಣ ತೆಗೆದುಕೊಳ್ಳುವುದಿಲ್ಲ. ಅವರ ರೈಲು ಬಸ್ಸಿನ ಖರ್ಚು, ಪ್ರವೇಶ ಶುಲ್ಕ, ಮಧ್ಯಾಹ್ನದ ಊಟ ನಮ್ಮದು. ಎರಡು ವಾರ ಮೊದಲೇ ಬರೆದುಕೊಂಡಿದ್ದೆ. ಬಂದವರು ಇಬ್ಬರು ಹುಡುಗಿಯರು. ಇಂಗ್ಲಿಷ್ ನಿಧಾನವಾಗಿತ್ತು, ಕೈಯಲ್ಲಿ ಬರೆದ ಟಿಪ್ಪಣಿ ಪುಸ್ತಕವಿತ್ತು. ಅಮ್ಮನ ಮಾತನ್ನು ನಾನು ಇಂಗ್ಲಿಷಿಗೆ ತಿರುಗಿಸುತ್ತಿದ್ದೆ, ಅವರು ಒಬ್ಬರನ್ನೊಬ್ಬರು ಕೇಳಿಕೊಂಡು ಉತ್ತರಿಸುತ್ತಿದ್ದರು.

ಸಾಂಜೂಸಾಂಗೆನ್‌ದೋಗೆ ಹೋದೆವು. ಹೆಸರಿನ ಅರ್ಥ 33 ಅಂಕಣದ ಮಂಟಪ. ನಮ್ಮ ಹಳೆಯ ಮನೆಗಳ ಅಳತೆಯನ್ನು ಅಂಕಣದಲ್ಲಿ ಹೇಳುತ್ತಿದ್ದ ಹಾಗೆಯೇ ಕಂಬದಿಂದ ಕಂಬಕ್ಕೆ ಎಣಿಸಿದ್ದು. 1164ರಲ್ಲಿ ಕಟ್ಟಿದ್ದು ಸುಟ್ಟುಹೋಗಿ, 1266ರಲ್ಲಿ ಮತ್ತೆ ಎದ್ದ, ಸುಮಾರು 120 ಮೀಟರ್ ಉದ್ದದ ಮರದ ಕಟ್ಟಡ. ಒಳಗೆ ಸಾವಿರದ ಒಂದು ಕನ್ನೊನ್ ವಿಗ್ರಹಗಳು. ನಡುವೆ ಕುಳಿತ ದೊಡ್ಡದೊಂದು, ಎಡಬಲದಲ್ಲಿ ಸಾಲುಸಾಲಾಗಿ ನಿಂತ ಸಾವಿರ. ಕನ್ನೊನ್ ಎಂದರೆ ಅವಲೋಕಿತೇಶ್ವರ ಎಂದು ಹೇಳಿದೆ. ಅಮ್ಮ ಸ್ವಲ್ಪ ಹೊತ್ತು ನೋಡಿ, "ಹಾಗಾದರೆ ನಮ್ಮ ಕದ್ರಿಯ ಲೋಕೇಶ್ವರನೇ" ಎಂದಳು. ಕದ್ರಿ ಮಂಜುನಾಥ ದೇವಸ್ಥಾನದಲ್ಲಿ 968ರ ಶಾಸನವಿರುವ ಕಂಚಿನ ಲೋಕೇಶ್ವರನಿದ್ದಾನೆ. ಅದು ಬೌದ್ಧರ ಅವಲೋಕಿತೇಶ್ವರ ಎನ್ನುವ ವಿದ್ವಾಂಸರು ಹಲವರು. ಅಮ್ಮ ಚಿಕ್ಕಂದಿನಿಂದ ಕೈಮುಗಿದು ಬಂದ ಮೂರ್ತಿ.

ಸಾವಿರ ಕನ್ನೊನ್‌ಗಳ ಮುಂದೆ ಕಾವಲಿಗೆ ನಿಂತ 28 ಪರಿವಾರ ದೇವತೆಗಳಿದ್ದಾರೆ. ಅಲ್ಲಿ ನಮ್ಮ ಗುಂಪಿನಲ್ಲಿ ಹೇಳುವವರೂ ಕೇಳುವವರೂ ಅದಲು ಬದಲಾದರು. ಹುಡುಗಿಯೊಬ್ಬಳು "ಕರುರಾ" ಎಂದು ಓದಿದಳು. ಕೊಕ್ಕು, ಬೆನ್ನಿಗೆ ರೆಕ್ಕೆ, ಕೈಯಲ್ಲಿ ಕೊಳಲು. "ಇದು ಗರುಡನಲ್ಲವೇನೇ?" ಎಂದು ಅಮ್ಮ ನನ್ನ ಕೈ ಜಗ್ಗಿದಳು. ನಾನು ಹೇಳಿದ್ದನ್ನು ಹುಡುಗಿ ಪುಸ್ತಕದಲ್ಲಿ ಜಪಾನಿ ಅಕ್ಷರದಲ್ಲಿ ಬರೆದುಕೊಂಡಳು. ಆಮೇಲೆ ಪ್ರತಿ ವಿಗ್ರಹದ ಮುಂದೆಯೂ ಅಮ್ಮನ ಮುಖ ನೋಡತೊಡಗಿದಳು. ನಾರಾಯೆನ್ ಎಂದರೆ ನಾರಾಯಣ. ಬೊನ್‌ತೆನ್‌ನಲ್ಲಿ ತೆನ್ ಎಂದರೆ ದೇವ, ಬೊನ್ ಎಂದರೆ ಬ್ರಹ್ಮ. ತಾಯ್‌ಶಾಕುತೆನ್ ಎಂಬಲ್ಲಿ ಅಮ್ಮ ತಡೆದಳು. ಶಾಕು ಎಂಬುದು ಶಕ್ರ ಎಂಬ ಶಬ್ದದಿಂದ ಬಂದದ್ದು ಎಂದು ಹುಡುಗಿ ಟಿಪ್ಪಣಿ ನೋಡಿ ಹೇಳಿದಾಗ, "ಶಕ್ರ ಅಂದರೆ ಇಂದ್ರನೇ ಅಲ್ಲವೇ" ಎಂದು ನಕ್ಕಳು. ಕೋಲೂರಿ ನಿಂತ, ಎಲುಬು ಕಾಣುವ ಮುದಿ ತಪಸ್ವಿ ಬಸು ಸೆನ್ನಿನ್, ಎಂದರೆ ವಸು ಋಷಿ, ಎದುರಿಗೆ ಎಲ್ಲಕ್ಕಿಂತ ಹೆಚ್ಚು ಹೊತ್ತು ನಿಂತೆವು. ಒಳಗೆ ಫೋಟೋ ತೆಗೆಯುವಂತಿಲ್ಲ; ಆದ್ದರಿಂದಲೇ ಇಷ್ಟು ಚೆನ್ನಾಗಿ ನೆನಪಿದೆ. ಎರಡು ಗಂಟೆ ಒಂದೇ ಮಂಟಪದಲ್ಲಿ ಕಳೆದೆವು. ಯಾರೂ ಗಡಿಯಾರ ನೋಡಲಿಲ್ಲ.

ಮಧ್ಯಾಹ್ನ ರೈಲಿನಲ್ಲಿ ಫುಶಿಮಿ ಇನಾರಿಗೆ. 711ರಲ್ಲಿ ಸ್ಥಾಪನೆಯಾಯಿತು ಎನ್ನುವ ಭತ್ತದ ದೇವರ ಕ್ಷೇತ್ರ. ಬೆಟ್ಟದ ದಾರಿಯುದ್ದಕ್ಕೂ ಸುಮಾರು ಹತ್ತು ಸಾವಿರ ಕೆಂಪು ತೋರಣಗಂಬಗಳು. ಇಲ್ಲಿ ಹುಡುಗಿಯರು ತಮ್ಮ ಮನೆಯ ವಿಷಯ ಹೇಳುವಂತೆ ಹೇಳಿದರು. ಹತ್ತುವಾಗ ಕಂಬಗಳು ಖಾಲಿಯಾಗಿ ಕಾಣುತ್ತವೆ. ತಿರುಗಿ ನೋಡಿದರೆ ಪ್ರತಿಯೊಂದರ ಹಿಂಬದಿಯಲ್ಲಿ ಕೊಟ್ಟವರ ಹೆಸರು, ದಿನಾಂಕ. ಈ ದೇವರ ದೂತನೆಂದು ಅಲ್ಲಲ್ಲಿ ನಿಲ್ಲಿಸಿದ ನರಿಯ ವಿಗ್ರಹಗಳ ಬಾಯಲ್ಲಿರುವ ಬೀಗದ ಕೈ ಕಣಜದ್ದು. ಮಂಡಿಯ ಕಾರಣಕ್ಕೆ ಅರ್ಧ ದಾರಿಯಲ್ಲೇ ಇಳಿದೆವು, ಹುಡುಗಿಯರು ಅಮ್ಮನ ಹೆಜ್ಜೆಗೆ ಹೆಜ್ಜೆ ಹಾಕಿದರು. ಹೊರಡುವಾಗ ಒಬ್ಬಳು ಚೀಟಿಯಲ್ಲಿ ಜಪಾನಿಯಲ್ಲಿ ಬರೆದುಕೊಟ್ಟಳು: ಮಾಂಸ, ಮೀನು, ಮೀನಿನ ದಾಶಿ ಯಾವುದನ್ನೂ ತಿನ್ನುವುದಿಲ್ಲ, ಕಡಲಪಾಚಿಯ ದಾಶಿ ಆಗುತ್ತದೆ. ಉಳಿದ ದಿನಗಳಲ್ಲಿ ಅಮ್ಮ ಹೊಟ್ಟೆ ತುಂಬ ಉಂಡದ್ದು ಆ ಚೀಟಿಯಿಂದ.

ಕೊರತೆ ಇಲ್ಲವೆಂದಲ್ಲ. ಇಸವಿಗಳಲ್ಲಿ ತಡವರಿಸುತ್ತಿದ್ದರು, ಕನ್ನೊನ್ ಗಂಡೋ ಹೆಣ್ಣೋ ಎಂದು ಅಮ್ಮ ಕೇಳಿದ್ದಕ್ಕೆ ಉತ್ತರ ಹೊಳೆಯಲಿಲ್ಲ. ಆದರೆ ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಎಂದೇ ಹೇಳಿದರು. ನನಗೆ ಅದು ಬಹಳ ಹಿಡಿಸಿತು.

ಮೊಬೈಲ್ ವಿವರಣೆಯ ಬಗ್ಗೆ ಹೆಚ್ಚು ಹೇಳುವುದಿಲ್ಲ. ನಾನ್ಜೆನ್‌ಜಿ ದೇಗುಲದ ಅಂಗಳದಲ್ಲೇ ಇಟ್ಟಿಗೆಯ ಮೇಲ್ಗಾಲುವೆಯೊಂದು ಹಾದುಹೋಗುತ್ತದೆ. ಬಿವಾ ಸರೋವರದ ನೀರನ್ನು ಊರಿಗೆ ತಂದ, 1890ರಲ್ಲಿ ಮುಗಿದ ಕಾಲುವೆಯ ಭಾಗ. ಅದೇ ನೀರಿನಿಂದ ಮರುವರ್ಷ ಕೆಯಾಗೆಯಲ್ಲಿ ವಿದ್ಯುತ್ ತೆಗೆದರು, 1895ರಲ್ಲಿ ಬೀದಿಯಲ್ಲಿ ಟ್ರಾಮ್ ಓಡಿಸಿದರು. ನಮ್ಮ ಶಿವನಸಮುದ್ರದ ವಿದ್ಯುತ್ ಕೋಲಾರದ ಗಣಿಗೆ ಹೋದದ್ದು 1902ರಲ್ಲಿ. ಈ ಎರಡನ್ನೂ ಪಕ್ಕಪಕ್ಕ ಇಟ್ಟು ಯಾರ ಹತ್ತಿರವಾದರೂ ಮಾತಾಡಬೇಕೆಂದು ನನಗೆ ಆಸೆಯಾಯಿತು. ಯಂತ್ರದ ಹತ್ತಿರ ಮಾತಾಡುವುದು ಹೇಗೆ?

ಇನ್ನು ಗಿಯೋನ್. ಜಪಾನಿನಲ್ಲಿ ಪ್ರವಾಸಿ ಗೈಡ್‌ಗಳಿಗೆ ಸರ್ಕಾರದ ಪರೀಕ್ಷೆ, ಪರವಾನಗಿ ಇದೆ. 2018ರಿಂದ ಪರವಾನಗಿ ಇಲ್ಲದವರೂ ಹಣ ಪಡೆದು ಗೈಡ್ ಆಗಬಹುದು; ಆದ್ದರಿಂದ ವಿಚಾರಿಸಿಯೇ ಹಣ ಕಟ್ಟಬೇಕು. ನಮಗೆ ಸಿಕ್ಕವರು ಐವತ್ತು ದಾಟಿದ ಹೆಂಗಸು. ಆರು ಜನರ ಗುಂಪು, ಎರಡು ಗಂಟೆ, ತಲೆಗೆ 5,000 ಯೆನ್.

ಮೊದಲ ಮಾತಿನಲ್ಲೇ ಅವರು ನಮ್ಮನ್ನು ಗೆದ್ದರು. ಗಿಯೋನ್ ಎಂಬ ಹೆಸರು ಬುದ್ಧ ಮಳೆಗಾಲಗಳನ್ನು ಕಳೆದ ಶ್ರಾವಸ್ತಿಯ ಜೇತವನ ವಿಹಾರದ ಜಪಾನಿ ರೂಪವಂತೆ. ಈಗ ಯಾಸಾಕಾ ಎನ್ನುವ ಕ್ಷೇತ್ರಕ್ಕೆ 1868ರವರೆಗೆ ಗಿಯೋನ್ ಎಂದೇ ಹೆಸರಿತ್ತು. ಬೌದ್ಧ ಧರ್ಮವನ್ನೂ ಜಪಾನಿನ ಮೂಲ ಧರ್ಮವಾದ ಶಿಂತೊವನ್ನೂ ಸರ್ಕಾರ ಬೇರ್ಪಡಿಸಿದಾಗ ಬದಲಾಯಿತು. ಅವರು ತೋರಿಸಿದ್ದೆಲ್ಲ ಸಣ್ಣ ಸಣ್ಣ ಸಂಗತಿ: ಗೋಡೆಯ ಬುಡಕ್ಕೆ ಬಿಲ್ಲಿನಂತೆ ಬಾಗಿಸಿಟ್ಟ ಬಿದಿರಿನ ತಡಿಕೆ, ಕೆಸರೂ ನಾಯಿಗಳೂ ಗೋಡೆ ಮುಟ್ಟದಿರಲೆಂದು. ಬಾಗಿಲ ಪಕ್ಕದ ಪುಟ್ಟ ಮರದ ಫಲಕಗಳು, ಆ ಮನೆಯ ಗೇಕೊ, ಮೈಕೊಗಳ ಹೆಸರು. ಗೇಕೊ ಎಂದರೆ ಕ್ಯೋಟೊದವರ ಮಾತಿನಲ್ಲಿ ಗೇಶಾ, ಹಾಡು ಕುಣಿತ ಬಲ್ಲ ಕಲಾವಿದೆ. ಮೈಕೊ ಎಂದರೆ ಇನ್ನೂ ಕಲಿಯುತ್ತಿರುವ ಹುಡುಗಿ. ಮುಡಿ ಸ್ವಂತ ಕೂದಲಿನದು, ಬೆನ್ನ ಮೇಲೆ ಉದ್ದಕ್ಕೆ ಇಳಿಬಿದ್ದ ನಡುಪಟ್ಟಿ.

ಒಂದು ತಿರುವಿನಲ್ಲಿ ಅವರು ಕೈ ಅಡ್ಡ ಹಿಡಿದು ನಮ್ಮನ್ನೆಲ್ಲ ಗೋಡೆಗೆ ಸರಿಸಿದರು. ಎತ್ತರದ ಮರದ ಪಾದುಕೆಯ ಟಕಟಕ ಸದ್ದು. ಮೈಕೊ ಒಬ್ಬಳು ತಲೆ ತಗ್ಗಿಸಿ ಬೇಗ ಬೇಗ ದಾಟಿಹೋದಳು. "ಕೆಲಸಕ್ಕೆ ಹೊರಟಿದ್ದಾಳೆ, ಫೋಟೋ ಬೇಡ" ಎಂದರು ಗೈಡ್. ನಾವು ಆರೂ ಜನ ಮೊಬೈಲ್ ಇಳಿಸಿದೆವು. ಪ್ರವಾಸಿಗಳು ಅಡ್ಡಗಟ್ಟಿ, ತೋಳು ಹಿಡಿದು ಫೋಟೋ ತೆಗೆದ ಕಾರಣಕ್ಕೆ ಈಗ ಅಲ್ಲಿನ ಖಾಸಗಿ ಓಣಿಗಳಿಗೆ ಹೊರಗಿನವರು ಹೋಗುವಂತಿಲ್ಲ, ಹೋದರೆ 10,000 ಯೆನ್ ದಂಡ. ಯಾವ ಓಣಿ ಖಾಸಗಿ ಎಂದು ಹೊಸಬರಿಗೆ ತಿಳಿಯುವುದು ಕಷ್ಟ. ಗಿಯೋನ್‌ಗೆ ಮಾತ್ರ ಗೈಡ್ ಇಲ್ಲದೆ ಹೋಗಬೇಡಿ ಎಂದು ನಾನು ಹೇಳುವುದು ಇದಕ್ಕೇ.

ಯಾವುದು ಮೇಲು ಎಂದು ಕೇಳಿದರೆ, ಪಾಂಡಿತ್ಯದಲ್ಲಿ ಗಿಯೋನ್‌ನ ಗೈಡ್ ಮುಂದೆ ಯಾರೂ ನಿಲ್ಲುವುದಿಲ್ಲ. ಆದರೂ ಒಂದೇ ದಿನ ಕೊಟ್ಟರೆ ನಾನು ವಿದ್ಯಾರ್ಥಿಗಳ ಜೊತೆಯೇ ಹೋಗುತ್ತೇನೆ. ಮಾತು ಎರಡೂ ಕಡೆಯಿಂದ ಹರಿದದ್ದು ಅಲ್ಲೇ. ಬಸ್ಸು, ನಡೆಯಲು ತೀರಾ ಕಷ್ಟವಿರುವವರಿಗೆ ಮತ್ತು ಒಂದೇ ದಿನಕ್ಕೆ ಬಂದವರಿಗೆ. ಊಟ ಸೇರದ ಅರ್ಧ ದಿನದ ಟಿಕೆಟ್ ಸಿಕ್ಕರೆ ಅದನ್ನೇ ತೆಗೆದುಕೊಳ್ಳಿ. ವಿದ್ಯಾರ್ಥಿಗಳಿಗೆ ಬರೆಯುವಾಗ ಜೊತೆಯಲ್ಲಿ ಹಿರಿಯರಿದ್ದಾರೆ, ಎರಡೇ ಜಾಗ ಸಾಕು ಎಂದು ಮೊದಲೇ ತಿಳಿಸಿ. ಪರೀಕ್ಷೆಯ ದಿನಗಳಲ್ಲಿ ಅವರು ಸಿಗುವುದು ಕಷ್ಟ.

ಗರುಡನ ಹೆಸರು ಬರೆದುಕೊಂಡ ಆ ಹುಡುಗಿಗೆ ಅಮ್ಮ ಕನ್ನಡದಲ್ಲೇ ಪತ್ರ ಬರೆದಿದ್ದಾಳೆ, ನಾನು ಇಂಗ್ಲಿಷ್ ಮಾಡಿ ಕಳಿಸಬೇಕು. ಜೊತೆಗೆ ಇಡಲು ಕದ್ರಿಯ ಲೋಕೇಶ್ವರನ ಚಿತ್ರವೊಂದನ್ನು ಹುಡುಕುತ್ತಿದ್ದೇವೆ.