ಖಾಲಿ ಕುರ್ಚಿಗಳ ಎದುರು 82 ನಿಮಿಷ

ತೈಪೆ ನಗರಕ್ಕೆ ಹೊಂದಿಕೊಂಡಿರುವ ಯೊಂಗ್‌ಹೆಯ ಫುಹೋ ಚಿತ್ರಮಂದಿರ ಬಾಗಿಲು ಹಾಕುವ ಹೊತ್ತಿಗೆ ಅದರೊಳಗೇ ಚಿತ್ರೀಕರಿಸಿದ ‘ಗುಡ್‌ಬೈ, ಡ್ರ್ಯಾಗನ್ ಇನ್’ (2003), 4ಕೆ ಮರುಸಂಸ್ಕರಣೆಯ ನಂತರ ಬ್ಲೂ-ರೇ ಡಿಸ್ಕ್ ರೂಪದಲ್ಲೂ ಬಂದಿದೆ. ಇದರ ನಿರ್ದೇಶಕ ತ್ಸಾಯ್ ಮಿಂಗ್-ಲಿಯಾಂಗ್ ಅವರ ಚಿತ್ರಗಳನ್ನು ಎಲ್ಲಿಂದ ನೋಡತೊಡಗಬೇಕೆಂದು ಕೇಳುವವರಿಗೆ ನಾನು ಮೊದಲು ಹೇಳುವುದು ಇದರ ಹೆಸರನ್ನೇ.

ಇಂದಿನ ಮಲೇಷ್ಯಾದ ಕೂಚಿಂಗ್‌ನಲ್ಲಿ 1957ರಲ್ಲಿ ಹುಟ್ಟಿದ ತ್ಸಾಯ್, ಓದಲೆಂದು ತೈವಾನಿಗೆ ಬಂದು ಅಲ್ಲಿಯೇ ನೆಲೆನಿಂತರು. 1992ರಲ್ಲಿ ಮೊದಲ ಚಲನಚಿತ್ರ ಮಾಡಿದ ಅವರಿಗೆ ಎರಡೇ ವರ್ಷಗಳಲ್ಲಿ ‘ವೀವ್ ಲಾಮೂರ್’ ಚಿತ್ರ ವೆನಿಸ್‌ನ ಗೋಲ್ಡನ್ ಲಯನ್ ಪ್ರಶಸ್ತಿಯನ್ನು ತಂದುಕೊಟ್ಟಿತು. ಆದರೆ ಪ್ರಶಸ್ತಿಗಳಿಗಿಂತ ನನ್ನನ್ನು ಹೆಚ್ಚು ಸೆಳೆಯುವುದು ಅವರ ನಿಷ್ಠೆ: ಮೊದಲ ಚಿತ್ರದ ನಟ ಲೀ ಕಾಂಗ್-ಶೆಂಗ್, ತ್ಸಾಯ್ ಅವರ ಎಲ್ಲ ಚಲನಚಿತ್ರಗಳಲ್ಲೂ ಇದ್ದಾರೆ, ಮತ್ತು ಆ ಒಂದೇ ಮುಖಕ್ಕೆ ವಯಸ್ಸಾಗುವುದನ್ನು ನಾವು ಚಿತ್ರದಿಂದ ಚಿತ್ರಕ್ಕೆ ಕಾಣುತ್ತೇವೆ.

ಹೊರಗೆ ಬಿಡದೆ ಸುರಿಯುವ ಮಳೆ, ಒಳಗೆ ಕಿಂಗ್ ಹೂ ಅವರ 1967ರ ಖಡ್ಗವೀರರ ಚಿತ್ರ ‘ಡ್ರ್ಯಾಗನ್ ಇನ್’, ನೋಡಲು ಬೆರಳೆಣಿಕೆಯ ಜನ, ಕಥೆಯೆಂದರೆ ಇಷ್ಟೇ. ಸುಮಾರು ಅರ್ಧ ಚಿತ್ರ ಮುಗಿಯುವವರೆಗೆ ಪ್ರೇಕ್ಷಕರಲ್ಲಿ ಯಾರೂ ಒಂದು ಮಾತನ್ನೂ ಆಡುವುದಿಲ್ಲ. ಕಾಲೆಳೆದು ನಡೆಯುವ ಟಿಕೆಟ್ ಮಾರುವ ಹೆಂಗಸು (ಚೆನ್ ಶಿಯಾಂಗ್-ಚಿ) ತನ್ನ ಪಾಲಿನ ತಿನಿಸಿನಲ್ಲಿ ಅರ್ಧವನ್ನು ಪ್ರೊಜೆಕ್ಟರ್ ನಡೆಸುವವನಿಗೆಂದು ಮೆಟ್ಟಿಲು ಹತ್ತಿ ಒಯ್ಯುತ್ತಾಳೆ. ಆಕೆಯ ಪ್ರತಿ ಹೆಜ್ಜೆಗೂ ಕ್ಯಾಮೆರಾ ಕಾಯುತ್ತದೆ. ಆಕೆ ತೆರೆಯ ಹಿಂದೆ ನಿಂತು ಮೇಲೆ ನೋಡುವಾಗ ತೆರೆಯ ಸಣ್ಣ ರಂಧ್ರಗಳಿಂದ ಸೋಸಿ ಬಂದ ಬೆಳಕು ಮುಖದ ಮೇಲೆ ಚುಕ್ಕೆಚುಕ್ಕೆಯಾಗಿ ಬೀಳುವ ದೃಶ್ಯವೊಂದಕ್ಕಾಗಿಯೇ ಈ ಚಿತ್ರವನ್ನು ನೋಡಬಹುದು. ಹಳೆಯ ಚಿತ್ರದಲ್ಲಿ ನಟಿಸಿದ್ದ ಮಿಯಾವ್ ತಿಯೆನ್ ಮತ್ತು ಶಿ ಚುನ್ ಇಲ್ಲಿ ಮುದುಕರಾಗಿ, ಪ್ರೇಕ್ಷಕರ ನಡುವೆ ಕುಳಿತು ತಮ್ಮದೇ ಯೌವನವನ್ನು ನೋಡುತ್ತಾರೆ. ಪ್ರದರ್ಶನ ಮುಗಿದು ಆಕೆ ಕಸ ಗುಡಿಸಿ ಹೊರಟ ಮೇಲೂ ಕ್ಯಾಮೆರಾ ಕದಲದೆ, ಖಾಲಿ ಕುರ್ಚಿಗಳನ್ನು ನಿಮಿಷಗಟ್ಟಲೆ ನೋಡುತ್ತಲೇ ಇರುತ್ತದೆ. ಮೊದಲ ಸಲ ನನಗೆ ಚಡಪಡಿಕೆಯಾಗಿತ್ತು, ಎರಡನೆಯ ಸಲ ಆ ದೃಶ್ಯ ಮುಗಿಯುವುದೇ ಬೇಡವೆನಿಸಿತು.

ಮರುಸಂಸ್ಕರಣೆಯಿಂದ ದೊಡ್ಡ ಲಾಭವಾಗಿರುವುದು ಕತ್ತಲೆಗೆ. ಓಣಿಗಳ ನೆರಳು ಮಸುಕಾಗದೆ ಒಂದರಿಂದೊಂದು ಬೇರೆಯಾಗಿ ಕಾಣುತ್ತದೆ, ಮಳೆಯ ಸದ್ದಂತೂ ಕೋಣೆಯನ್ನೇ ತುಂಬುತ್ತದೆ. ಚಿತ್ರಮಂದಿರದ ಕುರಿತಾದ ಚಿತ್ರವನ್ನು ಮನೆಯಲ್ಲಿ ನೋಡುವಾಗ ಒಂದು ಕೊರತೆ ತಪ್ಪಿದ್ದಲ್ಲ: ಕೈಯಲ್ಲಿ ರಿಮೋಟ್ ಇರುತ್ತದೆ, ಮತ್ತು ಮಧ್ಯೆ ಒಮ್ಮೆ ನಿಲ್ಲಿಸಿದರೂ ಕಟ್ಟಿಕೊಂಡು ಬಂದ ಕಾಲ ಒಡೆದುಹೋಗುತ್ತದೆ. ದೀಪ ಆರಿಸಿ, ಒಂದೇ ಪಟ್ಟಿಗೆ ಕುಳಿತು ನೋಡಬೇಕು. ಘಟನೆಗಳ ಓಟವನ್ನು ಬಯಸುವವರಿಗೆ ಇದು ಹಿಡಿಸದು. ಹಿಡಿಸಿದವರು ಮುಂದೆ ತ್ಸಾಯ್ ಅವರ ‘ಡೇಸ್’ (2020) ನೋಡಲಿ. ಅದರಲ್ಲಿರುವ ಅಷ್ಟಿಷ್ಟು ಮಾತಿಗೂ ಅವರು ಉದ್ದೇಶಪೂರ್ವಕವಾಗಿಯೇ ಸಬ್‌ಟೈಟಲ್ ಕೊಟ್ಟಿಲ್ಲ.