ಮಾಡ್ಯೂಲ್ ತೆರೆಯಲು ಯಾವುದು ಒಳ್ಳೆಯದು: ಲಿಬ್‌ಎಲ್‌ಟಿಡಿಎಲ್, ಜಿಮಾಡ್ಯೂಲ್, ಬರಿಯ ಡಿಎಲ್‌ಓಪನ್

ನುಡಿ, ಶ್ರೀಲಿಪಿಗಳಲ್ಲಿ ಟೈಪ್ ಮಾಡಿದ ಹಳೆಯ ಕಡತಗಳನ್ನು ಯೂನಿಕೋಡ್‌ಗೆ ತರುವ ಪ್ರೋಗ್ರಾಮ್ ಒಂದನ್ನು ಸಿ ಭಾಷೆಯಲ್ಲಿ ಬರೆದಿದ್ದೇನೆ. ಒಂದೊಂದು ಹಳೆಯ ಅಕ್ಷರ ಸಂಕೇತಕ್ಕೂ ಒಂದೊಂದು ಮಾಡ್ಯೂಲ್, ಪ್ರತಿಯೊಂದೂ ಬೇರೆ ಬೇರೆ ಎಸ್‌ಓ ಕಡತ, ಎಂದರೆ ಪ್ರೋಗ್ರಾಮ್ ಓಡುತ್ತಿರುವಾಗ ಅದಕ್ಕೆ ಸೇರಿಸಬಹುದಾದ ಕೋಡ್. ಹೊಸ ಸಂಕೇತ ಎದುರಾದಾಗ ಮೂಲ ಪ್ರೋಗ್ರಾಮನ್ನು ಮುಟ್ಟದೆ, ಫೋಲ್ಡರಿಗೆ ಒಂದು ಕಡತ ಸೇರಿಸಿದರೆ ಕೆಲಸ ಆಗಬೇಕು. ಈ ಕಡತಗಳನ್ನು ತೆರೆಯಲು ಲಿನಕ್ಸ್‌ನಲ್ಲಿ ಮೂರು ದಾರಿಗಳನ್ನು ಒಂದಾದ ಮೇಲೊಂದರಂತೆ ಬಳಸಿದೆ. ನನ್ನ ಅಳತೆಗೋಲು ಒಂದೇ: ಮಾಡ್ಯೂಲ್‌ನಲ್ಲಿ ತಪ್ಪಿದ್ದರೆ ಅದು ತೆರೆಯುವಾಗಲೇ ಗೊತ್ತಾಗುತ್ತದೆಯೇ, ಅಥವಾ ಯಾರೋ ಮುನ್ನೂರು ಪುಟಗಳನ್ನು ಪರಿವರ್ತಿಸುತ್ತಿರುವಾಗ ನಡುವೆ ಕೈಕೊಡುತ್ತದೆಯೇ?

ಮೊದಲು ಹಿಡಿದದ್ದು ಗ್ನೂ ಲಿಬ್‌ಟೂಲ್ ಜೊತೆಗೆ ಬರುವ ಲಿಬ್‌ಎಲ್‌ಟಿಡಿಎಲ್. ಹಲವು ಫೋಲ್ಡರುಗಳಲ್ಲಿ ಹುಡುಕುವ ವ್ಯವಸ್ಥೆ ಅದರಲ್ಲೇ ಇದೆ. ಹೀಗೆ ಓಡುವಾಗ ಕೋಡ್ ಸೇರಿಸಿಕೊಳ್ಳುವ ಸೌಲಭ್ಯ (ಡೈನಾಮಿಕ್ ಲೋಡಿಂಗ್) ಇಲ್ಲದ ಯಂತ್ರದಲ್ಲಿ ಮಾಡ್ಯೂಲ್‌ಗಳನ್ನು ಪ್ರೋಗ್ರಾಮಿನೊಳಗೇ ಬೆಸೆದು, ಹೊರಗಿನಿಂದ ತೆರೆದಂತೆಯೇ ಬಳಸಲೂ ಬಿಡುತ್ತದೆ. ಯೂನಿಕ್ಸ್‌ಗಳು ಹತ್ತು ಬಗೆಯಾಗಿದ್ದ ಕಾಲಕ್ಕೆ ಇದು ದೊಡ್ಡ ಉಪಕಾರ. ಆದರೆ ಲಿನಕ್ಸ್‌ನಲ್ಲಿ ಅದು ಫಂಕ್ಷನ್‌ಗಳ ವಿಳಾಸವನ್ನು ಮೊದಲ ಕರೆಯ ತನಕ ಹುಡುಕುವುದೇ ಇಲ್ಲ. ನನ್ನ ಒಂದು ಮಾಡ್ಯೂಲ್‌ನಲ್ಲಿ ಅರ್ಕಾವತ್ತನ್ನು ಸ್ಥಳಾಂತರಿಸುವ ಫಂಕ್ಷನ್ ಲಿಂಕ್ ಆಗಿರಲಿಲ್ಲ, ಎಂದರೆ ಹೆಸರಿತ್ತು, ಅದರ ಕೋಡ್ ಸೇರಿರಲಿಲ್ಲ. ಮಾಡ್ಯೂಲ್ ಸಲೀಸಾಗಿ ತೆರೆಯಿತು. ಕಡತದಲ್ಲಿ ಮೊದಲ ಅರ್ಕಾವತ್ತು ಬಂದ ಕೂಡಲೇ ಪ್ರೋಗ್ರಾಮ್ ಸತ್ತಿತು. ಇದನ್ನು ತಪ್ಪಿಸಲು ಪ್ರತಿ ಮಾಡ್ಯೂಲನ್ನೂ ಲಿಂಕ್ ಮಾಡುವಾಗಲೇ ಬೇರೆ ಸೂಚನೆ ಕೊಡಬೇಕು; ಬೇರೆಯವರು ಬರೆದ ಮಾಡ್ಯೂಲ್‌ಗೆ ಅದನ್ನು ನಾನು ಹೇಗೆ ಖಾತರಿಪಡಿಸಲಿ? ಜೊತೆಗೆ, ಲಿಬ್‌ಟೂಲ್ ಪ್ರತಿ ಮಾಡ್ಯೂಲ್‌ನ ವಿವರ ಬರೆದಿಡುವ ಎಲ್‌ಎ ಕಡತಗಳ ರಗಳೆ. ಡೆಬಿಯನ್, ಫೆಡೋರಾ ಎಂಬ ಲಿನಕ್ಸ್ ಆವೃತ್ತಿಗಳು ಅವನ್ನು ಸಾಮಾನ್ಯವಾಗಿ ಪ್ಯಾಕೇಜಿನಿಂದ ತೆಗೆದೇ ಹಾಕುತ್ತವೆ. ಪ್ರೋಗ್ರಾಮ್ ಆ ಹೊತ್ತಿಗೆ ಯಾವ ಫೋಲ್ಡರಿನಲ್ಲಿ ಓಡುತ್ತಿದೆಯೋ ಅಲ್ಲಿನ ಎಲ್‌ಎ ಕಡತವನ್ನೂ ತೆರೆಯಲು ಹೋಗುತ್ತಿದ್ದ ಭದ್ರತಾ ದೋಷವೊಂದನ್ನು 2009ರಲ್ಲಿ ಸರಿಪಡಿಸಬೇಕಾಯಿತು.

ಎರಡನೆಯದು ಜಿಲಿಬ್ ಎಂಬ ಸಿ ಲೈಬ್ರರಿಯ ಭಾಗವಾದ ಜಿಮಾಡ್ಯೂಲ್, ಬಳಸಲು ಹಿತವಾಗಿದೆ. ವಿಂಡೋಸ್‌ನಲ್ಲೂ ಅದೇ ಕೋಡ್ ನಡೆಯುತ್ತದೆ. ಮಾಡ್ಯೂಲ್ ತೆರೆದೊಡನೆ ತಾನಾಗಿ ಓಡುವ ತಪಾಸಣಾ ಫಂಕ್ಷನ್ ಬರೆದರೆ, ಹೊಂದಿಕೆಯಾಗದ ಮಾಡ್ಯೂಲ್ ಬಾಗಿಲಲ್ಲೇ ಹಿಂದಿರುಗುತ್ತದೆ. ಫಂಕ್ಷನ್ ಕಾಣೆಯಾಗಿದ್ದರೂ ತೆರೆಯುವಾಗಲೇ ತಿಳಿಯುತ್ತದೆ. ನನ್ನ ಅಳತೆಗೋಲಿಗೆ ಇದು ಗೆದ್ದಿತೆಂದೇ ನಂಬಿದ್ದೆ.

ಆಮೇಲೆ ಶ್ರೀಲಿಪಿ ಕಡತಗಳು ಅರ್ಥವಿಲ್ಲದ ಅಕ್ಷರಗಳಾಗಿ ಹೊರಬರತೊಡಗಿದವು. ಶ್ರೀಲಿಪಿ ಮಾಡ್ಯೂಲ್ ಒಂದನ್ನೇ ತೆರೆದರೆ ಎಲ್ಲವೂ ಸರಿ. ನುಡಿಯದನ್ನು ಮೊದಲು ತೆರೆದರೆ ಮಾತ್ರ ಕೆಡುತ್ತಿತ್ತು. ಹಳೆಯ ಅಕ್ಷರಕ್ಕೆ ಯೂನಿಕೋಡ್ ಅಕ್ಷರ ಹೊಂದಿಸುವ ಕೋಷ್ಟಕಗಳನ್ನು ಎರಡು ಸಂಜೆ ಸಾಲು ಸಾಲಾಗಿ ಓದಿದೆ, ತಪ್ಪು ಅಲ್ಲಿರಲಿಲ್ಲ. ಕೊನೆಗೆ ಎಲ್‌ಡಿ ಡೀಬಗ್ ಎಂಬ ಪರಿಸರ ಚರದ (ಪ್ರೋಗ್ರಾಮಿಗೆ ಹೊರಗಿನಿಂದ ಕೊಡುವ ಸೆಟ್ಟಿಂಗ್) ನೆರವಿನಿಂದ, ಯಾವ ಹೆಸರು ಯಾವ ಕಡತಕ್ಕೆ ಅಂಟಿಕೊಳ್ಳುತ್ತಿದೆ ಎಂದು ನೋಡಿದೆ. ಎರಡೂ ಮಾಡ್ಯೂಲ್‌ಗಳಲ್ಲಿ ಕೋಷ್ಟಕ ತುಂಬುವ ಫಂಕ್ಷನ್‌ಗೆ ನಾನು ಒಂದೇ ಹೆಸರು ಇಟ್ಟಿದ್ದೆ. ಜಿಮಾಡ್ಯೂಲ್, ಬೇಡವೆಂದು ಹೇಳದಿದ್ದರೆ, ಮಾಡ್ಯೂಲ್‌ನ ಹೆಸರುಗಳನ್ನು ಎಲ್ಲರಿಗೂ ಕಾಣುವಂತೆ ತೆರೆಯುತ್ತದೆ. ಹೀಗಾಗಿ ಶ್ರೀಲಿಪಿ ಮಾಡ್ಯೂಲ್ ತನ್ನ ಫಂಕ್ಷನ್ ಬಿಟ್ಟು ನುಡಿಯ ಫಂಕ್ಷನನ್ನು ಕರೆಯುತ್ತಿತ್ತು. ಹೆಸರುಗಳನ್ನು ಮಾಡ್ಯೂಲ್ ಒಳಗೇ ಇಡುವ ಬೈಂಡ್ ಲೋಕಲ್ ಎಂಬ ಸೂಚನೆ ಸೇರಿಸಿದಾಗ ಸರಿಹೋಯಿತು. ಸಿಡಿದು ನಿಲ್ಲುವ ಪ್ರೋಗ್ರಾಮಿಗಿಂತ ಸದ್ದಿಲ್ಲದೆ ತಪ್ಪು ಬರೆಯುವ ಪ್ರೋಗ್ರಾಮ್ ನನ್ನನ್ನು ಹೆಚ್ಚು ಹೆದರಿಸಿತು. ಯಾರದೋ ಕುಟುಂಬದ ದಾಖಲೆ, ಯಾರದೋ ಅಚ್ಚಾಗದ ಕಾದಂಬರಿ ಅದರೊಳಗೆ ಹಾದುಹೋಗುತ್ತದೆ.

ಈಗ ಬರಿಯ ಡಿಎಲ್‌ಓಪನ್, ಎಂದರೆ ಇಂಥ ಕಡತ ತೆರೆಯಲು ಲಿನಕ್ಸ್‌ನಲ್ಲೇ ಇರುವ ಫಂಕ್ಷನ್, ಬಳಸುತ್ತಿದ್ದೇನೆ. ಈಗಲೇ ಬೆಸೆ, ಹೆಸರುಗಳನ್ನು ಒಳಗೇ ಇಡು ಎಂಬ ಎರಡು ಸೂಚನೆಗಳನ್ನು ಕರೆಯಲ್ಲೇ ಬರೆದಿದ್ದೇನೆ. ಕೋಡ್ ಓದಿದವರಿಗೆ ನಡೆಯುವುದೆಲ್ಲ ಕಣ್ಣೆದುರು ಇರುತ್ತದೆ. ಫೋಲ್ಡರುಗಳನ್ನು ಹುಡುಕುವ ಕೋಡನ್ನು ನಾನೇ ಬರೆಯಬೇಕಾಯಿತು, ಸುಮಾರು ನಲವತ್ತು ಸಾಲು. ದೋಷ ಸಂದೇಶ ಕೊಡುವ ಡಿಎಲ್‌ಎರರ್ ಅನ್ನು ಎರಡನೆಯ ಸಲ ಕರೆದರೆ ಖಾಲಿ ಉತ್ತರ ಬರುತ್ತದೆ, ಆದ್ದರಿಂದ ಮೊದಲ ಸಲವೇ ಎತ್ತಿಟ್ಟುಕೊಳ್ಳಬೇಕು. ಲಿನಕ್ಸ್‌ನಲ್ಲಿ ಸಾಮಾನ್ಯವಾಗಿ ಇರುವ ಸಿ ಲೈಬ್ರರಿ ಜಿಲಿಬ್‌ಸಿ; 2021ರಲ್ಲಿ ಬಂದ ಅದರ 2.34ನೆಯ ಆವೃತ್ತಿಯಿಂದ ಈಚೆಗೆ ಇದಕ್ಕಾಗಿ ಬೇರೆ ಲೈಬ್ರರಿ ಲಿಂಕ್ ಮಾಡುವ ಅಗತ್ಯವೂ ಇಲ್ಲ. ಮಾಡ್ಯೂಲ್ ಮುಚ್ಚಿದರೆ ಮೆಮೊರಿ ಖಾಲಿಯಾಗುತ್ತದೆ ಎಂದು ಮಾತ್ರ ನೆಚ್ಚಬಾರದು. ಮಸಲ್ ಎಂಬ ಇನ್ನೊಂದು ಸಿ ಲೈಬ್ರರಿಯಲ್ಲಿ, ಮಾಡ್ಯೂಲ್ ಮುಚ್ಚುವ ಡಿಎಲ್‌ಕ್ಲೋಸ್ ಏನನ್ನೂ ಹೊರಹಾಕುವುದಿಲ್ಲ.

ವಿಂಡೋಸ್ ಆವೃತ್ತಿ ಬೇಕೆಂದು ಇಬ್ಬರು ಕೇಳಿದ್ದಾರೆ. ಅದನ್ನು ಮಾಡುವ ದಿನ ಜಿಮಾಡ್ಯೂಲ್‌ಗೆ ಮರಳುತ್ತೇನೆ. ಆಗ ತೆರೆಯುವ ಮೊದಲ ಕರೆಯಲ್ಲೇ ಬೈಂಡ್ ಲೋಕಲ್ ಇರುತ್ತದೆ.